ತೈವಾನ್ ದ್ವೀಪದ ಗೇಣಿ ಕಟ್ಟಳೆಯೂ ಜಮೀನಿನ ಹಂಚಿಕೆಯೂ

ಗೇಣಿಯ ವಿಷಯವು ಭೂಮಾಲೀಕರಿಗೂ ಸಾಗುವಳಿದಾರರಿಗೂ ನಡುವೆ ವ್ಯಾಜ್ಯಕ್ಕೆ ಕಾರಣವಾಗುವುದು ಪಟೇಲರಿಗೂ ಹಿಡುವಳಿದಾರರಿಗೂ ಹೊಸದಾಗಿ ತಿಳಿಸಬೇಕಾದ ಸಂಗತಿಯಲ್ಲ. ಏಷ್ಯಾ ಖಂಡದ ಪೂರ್ವದಂಚಿನ ತೈವಾನ್ ದ್ವೀಪದಲ್ಲಿ 1949ರಿಂದ 1953ರವರೆಗೆ ಈ ವ್ಯಾಜ್ಯವನ್ನು ಬಗೆಹರಿಸಿದ ರೀತಿಯನ್ನು ಅನೇಕರು ಮೆಚ್ಚಿ ಬರೆದಿದ್ದಾರೆ. ಮೆಚ್ಚುವವರು ಸಾಮಾನ್ಯವಾಗಿ ಜಮೀನು ಹಂಚಿದ ಸಂಗತಿಯನ್ನೇ ಎತ್ತಿ ಹೇಳುವರು. ಅದಕ್ಕೆ ಮೊದಲು ಗೇಣಿಯನ್ನು ಯಾವ ಅಳತೆಯ ಮೇಲೆ ಗೊತ್ತುಮಾಡಿದರು, ಲೆಕ್ಕಪತ್ರಗಳನ್ನು ಹೇಗೆ ಸರಿಪಡಿಸಿದರು ಎಂಬುದೇ ಗ್ರಾಮದ ಹೊಣೆ ಹೊತ್ತವರಿಗೆ ಹೆಚ್ಚು ಉಪಯುಕ್ತವೆಂದು ತೋರುವುದರಿಂದ ಅದನ್ನು ಇಲ್ಲಿ ವಿಸ್ತಾರವಾಗಿ ಬರೆಯಲಾಗಿದೆ.

ಆ ದ್ವೀಪದ ಬಹುಭಾಗವು ಬೆಟ್ಟಗುಡ್ಡಗಳಿಂದ ಕೂಡಿದ್ದು, ಸಾಗುವಳಿಗೆ ಯೋಗ್ಯವಾದ ಬಯಲು ಮುಖ್ಯವಾಗಿ ಪಶ್ಚಿಮದ ಕಡೆಗೆ ಇದೆ. ತರಿಯಲ್ಲಿ ಭತ್ತವನ್ನೂ ಖುಷ್ಕಿಯಲ್ಲಿ ಗೆಣಸನ್ನೂ ಮುಖ್ಯವಾಗಿ ಬೆಳೆಯುತ್ತಿದ್ದರು. ಜಮೀನು ಕಡಿಮೆ, ಕೇಳುವವರು ಹೆಚ್ಚು. ಆದಕಾರಣ ಗೇಣಿಯು ಬೆಳೆಯ ಅರ್ಧಕ್ಕೆ ಕಡಿಮೆಯಿಲ್ಲದೆ, ಫಲವತ್ತಾದ ಕಡೆಗಳಲ್ಲಿ ನೂರಕ್ಕೆ 70ರವರೆಗೂ ಏರಿತ್ತು. ಕರಾರೆಲ್ಲ ಬಾಯಿಮಾತಿನದು. ಮುಂಗಡ ಠೇವಣಿಯನ್ನು ಬೇರೆ ಕೊಡಬೇಕಾಗಿತ್ತು. ಬೆಳೆ ಕೆಟ್ಟರೂ ಬಿಡದೆ ಸಲ್ಲಿಸಬೇಕಾದ ಗೇಣಿಗೆ ಅಲ್ಲಿನ ರೈತರು ‘ಕಬ್ಬಿಣದ ಗೇಣಿ’ ಎಂದು ಹೆಸರಿಟ್ಟಿದ್ದರು.

1949ರಲ್ಲಿ ಚೆನ್ ಚೆಂಗ್ ಎಂಬವರು ಪ್ರಾಂತಾಧಿಕಾರಿಯಾಗಿದ್ದಾಗ ಗೇಣಿಯು ಮುಖ್ಯ ಬೆಳೆಯ ನೂರಕ್ಕೆ 37½ ಭಾಗವನ್ನು ಮೀರತಕ್ಕದ್ದಲ್ಲವೆಂದು ವಿಧಿಸಲಾಯಿತು. ಈ ವಿಚಿತ್ರವಾದ ಅಂಕಿಯು ಬಂದ ಬಗೆ ಹೀಗೆ: ಬೆಳೆಯನ್ನು ನೂರು ಭಾಗವೆಂದಿಟ್ಟುಕೊಂಡು, ಬೀಜ ಗೊಬ್ಬರಗಳ ಖರ್ಚಿಗಾಗಿ ಮೊದಲು 25 ಭಾಗವನ್ನು ಸಾಗುವಳಿದಾರನಿಗೆ ತೆಗೆದಿಟ್ಟು, ಉಳಿದ 75ನ್ನು ಇಬ್ಬರಿಗೂ ಸಮವಾಗಿ ಹಂಚಿದರೆ ಮಾಲೀಕನ ಪಾಲು 37½ ಆಗುವುದು. ಠೇವಣಿಯನ್ನು ನಿಲ್ಲಿಸಿದರು. ಕರಾರು ಬರಹದಲ್ಲಿರಬೇಕೆಂದೂ ಆರು ವರ್ಷಕ್ಕೆ ಕಡಿಮೆಯಿರಕೂಡದೆಂದೂ ಗೊತ್ತುಮಾಡಿದರು.

ಇದರ ಮರ್ಮವೆಲ್ಲ ‘ಬೆಳೆ’ ಎಂಬ ಮಾತಿನ ಅರ್ಥದಲ್ಲಿದೆ. ಆ ವರ್ಷ ಕಣದಲ್ಲಿ ಬಿದ್ದ ರಾಶಿಯ ಮೇಲೆ ಗೇಣಿಯನ್ನು ಎಣಿಸಲಿಲ್ಲ. ತರಿ ಖುಷ್ಕಿಗಳನ್ನು 26 ತರಗಳಾಗಿ ವಿಂಗಡಿಸಿ, ಒಂದೊಂದು ತರಕ್ಕೂ ವರ್ಷದ ಉತ್ಪತ್ತಿ ಇಷ್ಟೆಂದು ಒಮ್ಮೆ ಗೊತ್ತುಮಾಡಿ, ಅದರ ಮೇಲೆ 37½ ಭಾಗವನ್ನು ಲೆಕ್ಕ ಹಾಕಿದರು. ಲೆಕ್ಕ ಸುಲಭವಾಗಲೆಂದು ಒಂದು ಜಮೀನಿನ ಗೊತ್ತಾದ ಉತ್ಪತ್ತಿ 5,000 ಕಿಲೋಗ್ರಾಂ ಎಂದಿಟ್ಟುಕೊಳ್ಳೋಣ. ಗೇಣಿ 1,875. ರೈತನು ಗೊಬ್ಬರ ಹಾಕಿ, ಒಳ್ಳೆಯ ಬೀಜ ಬಿತ್ತಿ 6,000 ಬೆಳೆದರೆ ಅರ್ಧಪಾಲಿನ ಪದ್ಧತಿಯಲ್ಲಿ ಅವನಿಗುಳಿಯುವುದು 3,000. ಈ ಕಟ್ಟಳೆಯಲ್ಲಿ 4,125. ಹೆಚ್ಚಾಗಿ ಬೆಳೆದ ಸಾವಿರವೂ ಬೆಳೆದವನದೇ. ಪಾಲು ಗೇಣಿಯ ಜಮೀನಿಗೆ ಸಾಗುವಳಿದಾರನು ಗೊಬ್ಬರ ಹಾಕುವುದಿಲ್ಲವೆಂದು ದೂರುವ ಮಾಲೀಕರು ಈ ಲೆಕ್ಕವನ್ನು ಒಮ್ಮೆ ಬರೆದು ನೋಡಬಹುದು. ಬೆಳೆ ಕೆಟ್ಟ ವರ್ಷ ಗೇಣಿಯನ್ನು ಇಳಿಸುವುದಕ್ಕೂ, ತೀರ ಕೆಟ್ಟರೆ ಪೂರ್ತಿಯಾಗಿ ಬಿಡುವುದಕ್ಕೂ 1951ರ ಕಾನೂನಿನಲ್ಲಿ ಏರ್ಪಾಡಿತ್ತು.

ಮಾಲೀಕರು ಸುಮ್ಮನಿರಲಿಲ್ಲ. ಜಮೀನನ್ನು ‘ಸ್ವಂತ ಇಚ್ಛೆಯಿಂದ’ ಬಿಟ್ಟುಕೊಟ್ಟಂತೆ ಸಾಗುವಳಿದಾರರಿಂದ ಬರೆಯಿಸಿಕೊಂಡದ್ದುಂಟು. ಇದನ್ನು ತಡೆಯಲು ಊರೂರುಗಳ ಗೇಣಿ ಸಮಿತಿಗಳಿಗೆ ಬಲ ಕೊಟ್ಟರು. ಹನ್ನೊಂದು ಮಂದಿಯ ಸಮಿತಿಯಲ್ಲಿ ಗೇಣಿದಾರರು ಐವರು, ಮಾಲೀಕರು ಇಬ್ಬರು, ಸ್ವಂತ ಸಾಗುವಳಿದಾರರು ಇಬ್ಬರು, ಅಧಿಕಾರದ ಮೇಲೆ ಬಂದವರು ಇಬ್ಬರು. ವ್ಯಾಜ್ಯವು ಮೊದಲು ಇವರ ಮುಂದೆ ಬಂದು ತರುವಾಯ ಮೇಲಕ್ಕೆ ಹೋಗಬೇಕಾಗಿತ್ತು.

ಇನ್ನೊಂದು ಕೆಲಸವು ಕಣ್ಣಿಗೆ ಬೀಳುವಂಥದಲ್ಲ. ಜಪಾನೀಯರು 1898ರಲ್ಲಿ ಆರಂಭಿಸಿದ ಭೂಮಾಪನದಿಂದ ಒಂದೊಂದು ತುಂಡಿಗೂ ದಾಖಲೆ ಇತ್ತು. ಆದರೆ ಒಬ್ಬ ಮಾಲೀಕನಿಗೆ ಹಲವು ಊರುಗಳಲ್ಲಿ ಒಟ್ಟು ಎಷ್ಟು ಜಮೀನಿದೆಯೆಂದು ಹೇಳುವ ಪುಸ್ತಕ ಇರಲಿಲ್ಲ. 1951–52ರಲ್ಲಿ ತುಂಡಿಗೊಂದರಂತೆ ಚೀಟಿ ಬರೆದು, ಎಲ್ಲ ಚೀಟಿಗಳನ್ನೂ ಮಾಲೀಕರ ಹೆಸರಿನ ಮೇರೆಗೆ ಒಟ್ಟುಗೂಡಿಸಿದರು. ಈ ಚೀಟಿಗಳಿಲ್ಲದೆ 1953ರ ಕಾನೂನು ಕಾಗದದ ಮೇಲೆಯೇ ಉಳಿಯುತ್ತಿತ್ತು. ನಮ್ಮಲ್ಲಿ 1974ರ ತಿದ್ದುಪಡಿಯ ತರುವಾಯ ಭೂ ನ್ಯಾಯ ಮಂಡಳಿಗಳ ಮುಂದೆ ಬಾಯಿಮಾತಿನ ಗೇಣಿಯನ್ನು ರುಜುವಾತು ಮಾಡಲು ಪಟ್ಟ ಕಷ್ಟವನ್ನು ಬಲ್ಲವರಿಗೆ ಇದನ್ನು ಹೆಚ್ಚಾಗಿ ವಿವರಿಸಬೇಕಾಗಿಲ್ಲ.

1951ರಿಂದ ಸರ್ಕಾರದ ಜಮೀನುಗಳನ್ನು ಸಾಗುವಳಿದಾರರಿಗೆ ಕ್ರಯಕ್ಕೆ ಕೊಡಲಾರಂಭಿಸಿದರು. 1953ರಲ್ಲಿ ಖಾಸಗಿ ಜಮೀನಿನ ಸರದಿ ಬಂತು. ಗೇಣಿಗೆ ಕೊಟ್ಟ ಮಧ್ಯಮ ತರದ ತರಿಯಲ್ಲಿ ಮಾಲೀಕನು 3 ಚಿಯಾ ಇಟ್ಟುಕೊಳ್ಳಬಹುದು. ಚಿಯಾ ಎಂದರೆ ನಮ್ಮ ಸುಮಾರು 2 ಎಕರೆ 16 ಗುಂಟೆ. ಮಿಕ್ಕದ್ದನ್ನು ಸರ್ಕಾರವು ವಾರ್ಷಿಕ ಉತ್ಪತ್ತಿಯ ಎರಡೂವರೆಯಷ್ಟು ಬೆಲೆಗೆ ಕೊಂಡು ಅದೇ ಬೆಲೆಗೆ ಸಾಗುವಳಿದಾರನಿಗೆ ಮಾರಿತು. ಹಿಂದೆ ಹೇಳಿದ ಜಮೀನಿಗೆ 12,500 ಕಿಲೋಗ್ರಾಂ ಭತ್ತದ ಬೆಲೆಯಾಯಿತು. ನೂರಕ್ಕೆ 4ರ ಬಡ್ಡಿಯೊಡನೆ ಹತ್ತು ವರ್ಷಗಳಲ್ಲಿ ಇಪ್ಪತ್ತು ಕಂತು. ವರ್ಷದ ಹೊರೆಯು ಹಿಂದಿನ ಗೇಣಿಯನ್ನು ಮೀರದಂತೆ ನೋಡಿಕೊಂಡರು. ಹೀಗೆ ಸುಮಾರು 1,95,000 ಕುಟುಂಬಗಳಿಗೆ 1,40,000 ಚಿಯಾಗಿಂತ ಹೆಚ್ಚು ಜಮೀನು ಸೇರಿತು.

ಮಾಲೀಕರಿಗೆ ಬೆಲೆಯ ನೂರಕ್ಕೆ 70 ಭಾಗವನ್ನು ಭತ್ತ ಅಥವಾ ಗೆಣಸಿನ ಲೆಕ್ಕದ ಸಾಲಪತ್ರಗಳಲ್ಲಿ ಕೊಟ್ಟರು. 1949ರಲ್ಲಿ ಹಳೆಯ ನಾಣ್ಯ 40,000ಕ್ಕೆ ಹೊಸದು ಒಂದರಂತೆ ಬದಲಾಯಿಸಿದ್ದ ಆ ದೇಶದಲ್ಲಿ ಇದು ನ್ಯಾಯವಾದ ಏರ್ಪಾಡೇ. ಮಿಕ್ಕ 30 ಭಾಗಕ್ಕೆ ಸಿಮೆಂಟು, ಕಾಗದ ಮುಂತಾದ ನಾಲ್ಕು ಸರ್ಕಾರಿ ಕಂಪನಿಗಳ ಷೇರುಗಳು. ಷೇರಿನ ವ್ಯವಹಾರವನ್ನು ಅರಿಯದ ಸಣ್ಣ ಮಾಲೀಕರು ಸಿಕ್ಕಿದ ಬೆಲೆಗೆ ಅವನ್ನು ಮಾರಿಬಿಟ್ಟರು. ಕೊಂಡ ದೊಡ್ಡವರು ಕಾರ್ಖಾನೆದಾರರಾದರು. ಅಣ್ಣತಮ್ಮಂದಿರ ಜಂಟಿ ಹಿಡುವಳಿಯಲ್ಲಿ ತುಂಡು ಪಾಲು ಹೊಂದಿದ್ದವರಿಗೆ ಹೆಚ್ಚು ನಷ್ಟವಾಯಿತು. ಈ ಅನ್ಯಾಯವನ್ನು ಹೊಗಳುವವರು ಮರೆಮಾಚಬಾರದು. ಚೀನಾದಿಂದ ಬಂದು ನೆಲೆಸಿದ ಆಳುವವರಿಗೆ ಆ ದ್ವೀಪದಲ್ಲಿ ಸ್ವಂತ ಜಮೀನಿರಲಿಲ್ಲ. 1947ರ ದಂಗೆಯನ್ನು ಅಡಗಿಸಿದ ಕ್ರೌರ್ಯವನ್ನು ಕಂಡಿದ್ದ ಜಮೀನ್ದಾರರಿಗೆ ಎದುರು ನಿಲ್ಲುವ ಧೈರ್ಯವೂ ಇರಲಿಲ್ಲ. ಬೇರೆ ದೇಶಗಳಲ್ಲಿ ಇಷ್ಟು ಬೇಗ ನಡೆಯದಿದ್ದುದಕ್ಕೆ ಇದೂ ಒಂದು ಕಾರಣ.

ಕಾಲಕ್ರಮದಲ್ಲಿ ಮತ್ತೊಂದು ತೊಡಕು ಕಾಣಿಸಿತು. ಒಮ್ಮೆ ಗೇಣಿಗೆ ಕೊಟ್ಟರೆ ಹಿಂದಕ್ಕೆ ಬಾರದೆಂಬ ಭಯದಿಂದ, ಊರು ಬಿಟ್ಟು ಪಟ್ಟಣ ಸೇರಿದ ಒಡೆಯರೂ ಜಮೀನನ್ನು ಬರಹದ ಮೂಲಕ ಕೊಡಲು ಹಿಂಜರಿದರು. ಹಿಡುವಳಿಗಳು ಸರಾಸರಿ ಎರಡೂವರೆ ಎಕರೆಯ ಸುಮಾರಿನಲ್ಲಿಯೇ ನಿಂತುಹೋದುವು. ಚದುರಿದ ತುಂಡುಗಳನ್ನು ಕೂಡಿಸಿ, ಪ್ರತಿಯೊಂದಕ್ಕೂ ಕಾಲುವೆಯೂ ದಾರಿಯೂ ಮುಟ್ಟುವಂತೆ ಹೊಸದಾಗಿ ಹಂಚುವ ಕಾರ್ಯವನ್ನು 1960ರ ದಶಕದಲ್ಲಿ ದೊಡ್ಡದಾಗಿ ಕೈಗೊಂಡರು. 1953ರ ಕಾನೂನನ್ನು 1993ರಲ್ಲಿ ರದ್ದುಮಾಡಲಾಯಿತು.