‘ವ್ಯಸನ’ ಮತ್ತು ‘ಅವಲಂಬನೆ’: ಒಂದು ಪದವಿಚಾರ

ಕನ್ನಡದಲ್ಲಿ ‘ವ್ಯಸನ’ ಎಂಬ ತತ್ಸಮಕ್ಕೆ ದುಃಖ, ದುಶ್ಚಟ ಎಂಬೆರಡು ಅರ್ಥಗಳಿವೆ. ಮರಾಠಿಯ ದಿನಬಳಕೆಯಲ್ಲಿ ಮುಖ್ಯವಾಗಿ ಉಳಿದಿರುವುದು ಎರಡನೆಯದು. ಮಗನನ್ನು ಕಳೆದುಕೊಂಡ ಗಂಡನ ಕುರಿತು ಅಕ್ಕಲಕೋಟೆಯ ಗೃಹಿಣಿಯೊಬ್ಬಳು ಸೊಲ್ಲಾಪುರದ ಮರಾಠಿ ವೈದ್ಯರೆದುರು ‘ಅವರಿಗೆ ಭಾಳ ವ್ಯಸನ ಆಗೇದ್ರಿ’ ಎಂದರೆ, ಶೋಕವು ಚಟವಾಗಿ ದಾಖಲಾಗುವ ಅಪಾಯವುಂಟು.

ಆದುದರಿಂದ ವೈದ್ಯಶಾಸ್ತ್ರವು ಲಕ್ಷಣಗಳನ್ನು ಎಣಿಸುತ್ತದೆ. ವಿಶ್ವ ಆರೋಗ್ಯ ಸಂಸ್ಥೆಯ ರೋಗವರ್ಗೀಕರಣದ ಹತ್ತನೆಯ ಪರಿಷ್ಕರಣವು ಮದ್ಯಾವಲಂಬನೆಗೆ ಆರು ಲಕ್ಷಣಗಳನ್ನು ಹೇಳುತ್ತದೆ: ತಡೆಯಲಾಗದ ಬಯಕೆ, ಹತೋಟಿ ತಪ್ಪುವುದು, ಬಿಟ್ಟಾಗ ನಡುಕ, ಬೆವರು ಮೊದಲಾದ ಬಾಧೆ, ಅದೇ ಅಮಲಿಗೆ ಹೆಚ್ಚು ಪ್ರಮಾಣ ಬೇಕಾಗುವುದು, ಇತರ ಆಸಕ್ತಿಗಳ ಕಡೆಗಣನೆ, ಹಾನಿಯನ್ನರಿತೂ ಮುಂದುವರಿಸುವುದು. ಹಿಂದಿನ ಒಂದು ವರ್ಷದಲ್ಲಿ ಇವುಗಳಲ್ಲಿ ಮೂರಾದರೂ ಒಟ್ಟಿಗೆ ಕಂಡಿದ್ದರೆ ‘ಎಫ್ 10.2’ ಎಂಬ ಸಂಕೇತ. ಅವಲಂಬನೆಯಿಲ್ಲದೆ ದೇಹಕ್ಕೋ ಮನಸ್ಸಿಗೋ ಹಾನಿಯಾಗಿದ್ದರೆ ‘ಎಫ್ 10.1’. 2022ರಲ್ಲಿ ಜಾರಿಗೆ ಬಂದ ಹನ್ನೊಂದನೆಯ ಪರಿಷ್ಕರಣದಲ್ಲಿ ಅವಲಂಬನೆಯ ಸಂಕೇತ ‘6ಸಿ40.2’.

ಸಂಕೇತಕ್ಕೆ ಭಾಷೆಯ ಗಡಿಯಿಲ್ಲ. ಆದರೆ ಅದನ್ನು ತಲುಪುವ ದಾರಿ ರೋಗಿಯ ಮಾತೇ. ಕನ್ನಡದ ‘ಕುಡುಕ’, ಮರಾಠಿಯ ‘ದಾರುಡ್ಯಾ’ ವ್ಯಕ್ತಿಯನ್ನೇ ಹೆಸರಿಸಿ ನಿಂದಿಸುತ್ತವೆ. ‘ಅವಲಂಬನೆ’ಯು ಅವನ ಸ್ಥಿತಿಯನ್ನು ಹೆಸರಿಸುತ್ತದೆ. ನಿಂದೆಗೆ ಅಂಜಿದವನು ಬೆಳಗಿನ ನಡುಕವನ್ನು ಮುಚ್ಚಿಡುವನು. ಅಂಥವನು ವೈದ್ಯರ ನೆರವಿಲ್ಲದೆ ಒಮ್ಮೆಲೇ ಕುಡಿತ ಬಿಟ್ಟರೆ ಸೆಳವು, ಸನ್ನಿ ಉಂಟಾಗಿ ಪ್ರಾಣಕ್ಕೇ ಎರವಾದೀತು. ಪದವನ್ನು ಎಚ್ಚರದಿಂದ ಆರಿಸುವುದು ಇಲ್ಲಿ ಚಿಕಿತ್ಸೆಯ ಮೊದಲ ಹೆಜ್ಜೆ.

ಅಭ್ಯಾಸ: ‘ವ್ಯಸನ’, ‘ಚಟ’, ‘ಗೀಳು’ ಇವುಗಳ ಅರ್ಥಭೇದವನ್ನು ನಿಮ್ಮ ಊರಿನ ಬಳಕೆಯಿಂದ ಉದಾಹರಿಸಿರಿ.