ದರ್ಜೆ ಕೇಳುವುದನ್ನು ಮರೆಯಬೇಡಿ

ಗಾರ್ಮೆಂಟ್ಸ್ ಕೆಲಸಕ್ಕೆ ಸೇರಲು ಹೊರಟಿರುವ ಹೆಣ್ಣುಮಕ್ಕಳೇ, ಡಾಗೆನ್‌ಹ್ಯಾಮ್ ಹೆಂಗಸರ ಮುಷ್ಕರದ ಬಗ್ಗೆ ನಿಮಗೊಂದು ಮಾತು ಹೇಳಬೇಕು.

ಡಾಗೆನ್‌ಹ್ಯಾಮ್ ಇರುವುದು ಲಂಡನ್ನಿನ ಪೂರ್ವಕ್ಕೆ. ಅಲ್ಲಿನ ಫೋರ್ಡ್ ಕಾರ್ಖಾನೆಯಲ್ಲಿ ಕಾರಿನ ಸೀಟುಗಳಿಗೆ ಕವರ್ ಹೊಲಿಯುತ್ತಿದ್ದವರು ಹೆಂಗಸರು. ಯಂತ್ರದ ಮೇಲೆ ಹೊಲಿದು ತೋರಿಸಿ ಪರೀಕ್ಷೆಯಲ್ಲಿ ಪಾಸಾದರಷ್ಟೇ ಆ ಕೆಲಸ. ಇಷ್ಟಾದರೂ 1967ರಲ್ಲಿ ಕೆಲಸಗಳನ್ನೆಲ್ಲ ಹೊಸದಾಗಿ ದರ್ಜೆಗಳಿಗೆ ಹಂಚಿದಾಗ ಕಂಪನಿ ಇವರನ್ನು ಹೆಚ್ಚು ಕಸುಬು ಬೇಡದ ‘ಬಿ’ಗೆ ಹಾಕಿತು. ನಮ್ಮದು ‘ಸಿ’ ದರ್ಜೆಯ ಕೆಲಸ ಎಂದು ಇವರ ವಾದ. ಸಾಲದ್ದಕ್ಕೆ, ‘ಬಿ’ ದರ್ಜೆಯ ಗಂಡಸಿನ ಕೂಲಿಯಲ್ಲೂ ಶೇ. 85ರಷ್ಟೇ ಇವರ ಕೈಗೆ ಬರುತ್ತಿತ್ತು.

1968ರ ಜೂನ್ 7ರಂದು 187 ಮಂದಿ ಯಂತ್ರ ನಿಲ್ಲಿಸಿ ಎದ್ದರು. ಕವರ್ ಇಲ್ಲದ ಸೀಟು ಹಾಕಿ ಕಾರು ಮಾರಲಾದೀತೇ? ದಾಸ್ತಾನು ಖಾಲಿಯಾಯಿತು, ಕಾರು ತಯಾರಿಕೆಯೇ ನಿಂತಿತು. ಬ್ರಿಟನ್ನಿನ ಸಚಿವೆ ಬಾರ್ಬರಾ ಕ್ಯಾಸಲ್ ಈ ಹೆಂಗಸರನ್ನು ಕರೆಸಿ ಮಾತಾಡಿದರು. ಮೂರು ವಾರಗಳ ಮುಷ್ಕರ ಮುಗಿದಾಗ ಕೂಲಿ ಶೇ. 92ಕ್ಕೆ ಏರಿತ್ತು. 1970ರಲ್ಲಿ ಬ್ರಿಟನ್ನಿಗೆ ಸಮಾನ ವೇತನ ಕಾಯಿದೆ ಬರಲು ಇದೂ ಕಾರಣವಾಯಿತು.

ಕಥೆ ಹೇಳುವವರು ಸಾಮಾನ್ಯವಾಗಿ ಇಲ್ಲಿಗೆ ನಿಲ್ಲಿಸುತ್ತಾರೆ. ನನಗೆ ಮನಸ್ಸು ಬರುವುದಿಲ್ಲ, ಏಕೆಂದರೆ ಅವರು ಮೊದಲು ಕೇಳಿದ್ದ ದರ್ಜೆ ಆಗ ಸಿಗಲೇ ಇಲ್ಲ. ‘ಸಿ’ ಸಿಕ್ಕಿದ್ದು 1984ರಲ್ಲಿ, ಮತ್ತೆ ಆರು ವಾರ ಮುಷ್ಕರ ಹೂಡಿದ ಮೇಲೆ. ನಡುವೆ ಹದಿನಾರು ವರ್ಷ! ಕೂಲಿ ನಾಲ್ಕು ಕಾಸು ಹೆಚ್ಚಿಸಲು ಮಾಲೀಕರು ಹೇಗೋ ಒಪ್ಪುತ್ತಾರೆ. ಹೆಂಗಸಿನ ಹೊಲಿಗೆಯೂ ಕಲಿತ ಕಸುಬು ಎಂದು ಕಾಗದದ ಮೇಲೆ ಬರೆದುಕೊಡಲು ಅವರಿಗೆ ಕೈ ಬಾರದು. ಮನೆಯಲ್ಲಿ ಕಲಿತದ್ದು ತಾನೇ ಎನ್ನುತ್ತಾರೆ. ತೋಳು ಕೂಡಿಸುವಾಗ ತಿರುವಿನಲ್ಲಿ ಒಂದು ನೆರಿಗೆಯೂ ಬೀಳದಂತೆ ಬಟ್ಟೆ ಸರಿಸಲು ಬೆರಳು ಎಷ್ಟು ಪಳಗಿರಬೇಕು ಎಂಬುದು ಯಂತ್ರದ ಮುಂದೆ ಕೂತವಳಿಗೇ ಗೊತ್ತು.

ನಮ್ಮಲ್ಲೂ ಕನಿಷ್ಠ ವೇತನ ದರ್ಜೆಗೊಂದರಂತೆ ಇದೆ. ಹಾಗಾಗಿ ನೇಮಕಾತಿ ಪತ್ರ ಕೈಗೆ ಬಂದಾಗ ಸಂಬಳದ ಅಂಕಿ ನೋಡಿ ಮಡಚಿಡಬೇಡಿ ತಾಯಿ. ‘ಹೆಲ್ಪರ್’ ಎಂದಿದೆಯೋ ‘ಟೈಲರ್’ ಎಂದಿದೆಯೋ ಓದಿ. ಮಾಡುವ ಕೆಲಸಕ್ಕೂ ಬರೆದಿರುವ ದರ್ಜೆಗೂ ತಾಳೆಯಾಗದಿದ್ದರೆ ಪಕ್ಕದ ಯಂತ್ರದವಳನ್ನೂ ಜೊತೆಗೆ ಕರೆದುಕೊಂಡು ಹೋಗಿ, ಮೊದಲ ತಿಂಗಳಲ್ಲೇ ಕೇಳಿ.