ಹಿರೇಹಡಗಲಿ

ತುಂಗಭದ್ರೆಯ ಬಲದಂಡೆಯ ಕಡೆಗೆ ಹರಡಿರುವ ಬಯಲು ಸೀಮೆಯಲ್ಲಿ, ಹೂವಿನಹಡಗಲಿಯಿಂದ ನೈಋತ್ಯಕ್ಕೆ ಹಿರೇಹಡಗಲಿ ಎಂಬ ಊರಿದೆ. ತಾಲ್ಲೂಕಿನ ಕೇಂದ್ರವಾದ ಹೂವಿನಹಡಗಲಿಯ ಹೆಸರನ್ನು ಬಲ್ಲವರು ಅನೇಕರು. ವಿಜಯನಗರದ ಅರಸರ ಕಾಲದಲ್ಲಿ ಅಲ್ಲಿಂದ ಹಡಗುಗಳ ಮೂಲಕ ಹಂಪೆಗೆ ಹೂವು ಹೋಗುತ್ತಿತ್ತೆಂಬ ಜನಜನಿತವಾದ ಐತಿಹ್ಯವೇ ಆ ಊರಿನ ಕೀರ್ತಿಗೆ ಕಾರಣ. ಹಿರೇಹಡಗಲಿಗೆ ಅಂತಹ ಸೊಗಸಾದ ಕಥೆಯಿಲ್ಲ. ಆದರೆ ಚರಿತ್ರೆಯ ದೃಷ್ಟಿಯಿಂದ ನೋಡಿದರೆ 'ಹಿರಿಯ' ಎಂಬ ವಿಶೇಷಣ ಇದಕ್ಕೆ ಚೆನ್ನಾಗಿಯೇ ಒಪ್ಪುತ್ತದೆ. ಈ ಊರಿನ ಹೆಸರನ್ನು ವಿದ್ವಾಂಸರ ಲೋಕಕ್ಕೆ ಪರಿಚಯಿಸಿದ ದಾಖಲೆಯು ವಿಜಯನಗರಕ್ಕಿಂತ ಸುಮಾರು ಸಾವಿರ ವರ್ಷ ಹಳೆಯದು.

ಆ ದಾಖಲೆಯೆಂದರೆ ಎಂಟು ತಾಮ್ರದ ಹಲಗೆಗಳ ಒಂದು ಶಾಸನ. ಕಂಚಿಯ ಪಲ್ಲವ ವಂಶದ ಶಿವಸ್ಕಂದವರ್ಮನು ಕ್ರಿಸ್ತಶಕ 4ನೆಯ ಶತಮಾನದಲ್ಲಿ ಇದನ್ನು ಹೊರಡಿಸಿದನು. ಜರ್ಮನಿಯ ಪಂಡಿತ ಜಾರ್ಜ್ ಬ್ಯೂಲರನು ಇದನ್ನು ಓದಿ 'ಎಪಿಗ್ರಾಫಿಯಾ ಇಂಡಿಕಾ'ದ ಮೊದಲನೆಯ ಸಂಪುಟದಲ್ಲಿ ಪ್ರಕಟಿಸಿದನು. ಇದರ ಭಾಷೆ ಕನ್ನಡವೂ ಅಲ್ಲ, ತಮಿಳೂ ಅಲ್ಲ. ಆ ಕಾಲದಲ್ಲಿ ದಕ್ಷಿಣದ ಅರಸರು ರಾಜಶಾಸನಗಳಿಗೆ ಬಳಸುತ್ತಿದ್ದ ಪ್ರಾಕೃತ. ಹಲ್ಮಿಡಿ ಶಾಸನವು ಹುಟ್ಟುವುದಕ್ಕೆ ಇನ್ನೂ ಒಂದು ಶತಮಾನ ಕಳೆಯಬೇಕಾಗಿತ್ತು.

ಅರಸನ ಆಳ್ವಿಕೆಯ 8ನೆಯ ವರ್ಷ, ಮಳೆಗಾಲದ 6ನೆಯ ಪಕ್ಷ, 5ನೆಯ ದಿನ, ಎಂದು ಶಾಸನದ ಕಾಲವನ್ನು ಹೇಳಿದೆ. ಮಾಸ, ತಿಥಿಗಳ ಬದಲು ಋತುವಿನ ಪಕ್ಷಗಳನ್ನು ಎಣಿಸುವುದು ಆಗಿನ ವಾಡಿಕೆ. 'ಸಾತಾಹನಿರಟ್ಠ' ಎಂಬ ನಾಡಿನಲ್ಲಿ ತನ್ನ ತಂದೆಯು ಬ್ರಾಹ್ಮಣರಿಗೆ ಕೊಟ್ಟಿದ್ದ ತೋಟವೊಂದರ ದಾನವನ್ನು ಅರಸನು ಸ್ಥಿರಪಡಿಸುತ್ತಾನೆ. ಈ ನಾಡು ಬಳ್ಳಾರಿ, ಆದವಾನಿಗಳ ಸುತ್ತಣ ಪ್ರದೇಶವೆಂದು ವಿದ್ವಾಂಸರು ತಿಳಿದಿದ್ದಾರೆ. ಆದವಾನಿಯ ಹತ್ತಿರದ ಮ್ಯಾಕದೋನಿಯಲ್ಲಿರುವ ಶಾತವಾಹನ ಅರಸು ಪುಳುಮಾವಿಯ ಶಾಸನದಲ್ಲಿಯೂ 'ಸಾತವಾಹನಿಹಾರ' ಎಂಬ ಹೆಸರು ಬಂದಿದೆ. ಶಾತವಾಹನರು ಅಳಿದ ಮೇಲೂ ಅವರ ಹೆಸರು ಈ ನೆಲಕ್ಕೆ ಅಂಟಿಕೊಂಡಿತ್ತೆಂಬುದು ಗಮನಾರ್ಹ.

ಈ ಶಾಸನದ ನಿಜವಾದ ಬೆಲೆಯಿರುವುದು ಅರಸನ ಬಿರುದುಗಳಲ್ಲಲ್ಲ. ಅಗ್ನಿಷ್ಟೋಮ, ವಾಜಪೇಯ, ಅಶ್ವಮೇಧಗಳನ್ನು ಮಾಡಿದವನೆಂದು ಹೇಳಿಕೊಂಡ ಅರಸರು ಬೇರೆಯೂ ಇದ್ದಾರೆ. ದಾನದ ಭೂಮಿಗೆ ಹದಿನೆಂಟು ಬಗೆಯ ವಿನಾಯಿತಿಗಳಿವೆಯೆಂದು ಶಾಸನ ಹೇಳುತ್ತದೆ. ಅಲ್ಲಿ ಉಪ್ಪು, ಬೆಲ್ಲಗಳಿಗಾಗಿ ಅರಸನ ಕಡೆಯವರು ಕಾಟ ಕೊಡುವಂತಿಲ್ಲ. ಸರದಿಯಂತೆ ಎತ್ತುಗಳನ್ನು ಒದಗಿಸಬೇಕಾಗಿಲ್ಲ. ಹಾಲು ಮೊಸರು, ಹುಲ್ಲು ಸೌದೆ, ಕಾಯಿಪಲ್ಲೆ ಹೂಗಳನ್ನು ಕೊಡಬೇಕಾಗಿಲ್ಲ. ಈ ಪಟ್ಟಿಯನ್ನು ತಿರುವಿಹಾಕಿ ಓದಿದರೆ, ವಿನಾಯಿತಿಯಿಲ್ಲದ ಸಾಮಾನ್ಯ ಹಳ್ಳಿಯ ಒಕ್ಕಲಿಗನು ಏನೇನನ್ನು ತೆರಬೇಕಾಗಿತ್ತೆಂಬುದು ತಾನಾಗಿ ಗೋಚರವಾಗುತ್ತದೆ. ಅಧಿಕಾರಿಗಳು ಊರಿಗೆ ಬಂದರೆಂದರೆ ಅವರ ಅಡುಗೆಯ ಸೌದೆಯಿಂದ ಹಿಡಿದು ಗಾಡಿಯ ಎತ್ತಿನವರೆಗೆ ಎಲ್ಲವೂ ಹಳ್ಳಿಗರ ಮೇಲೆಯೇ ಬೀಳುತ್ತಿತ್ತು.

ಇನ್ನೂ ಒಂದು ಮಾತು ಈ ತಾಮ್ರದಲ್ಲಿ ಅಡಗಿದೆ. ದಾನದ ವಸ್ತುಗಳನ್ನು ಎಣಿಸುವಾಗ ಕಣಕ್ಕೆ ಒಂದು ನಿವರ್ತನ ಭೂಮಿ, ಮನೆಗೆ ಒಂದು ನಿವರ್ತನ ಭೂಮಿ ಎಂದು ಹೇಳಿದ ಉಸಿರಿನಲ್ಲಿಯೇ, ಬೆಳೆಯ ಅರ್ಧಪಾಲಿಗೆ ದುಡಿಯುವ ನಾಲ್ವರನ್ನೂ 'ಕೋಲಿಕ'ರೆಂಬ ಇಬ್ಬರನ್ನೂ ಸೇರಿಸಿದೆ. ಈ ಸೀಮೆಯಲ್ಲಿ 'ಕೋರಿಗೆ ಮಾಡುವುದು' ಎಂದು ರೈತರು ಕರೆಯುವ ಪದ್ಧತಿಯನ್ನು ಆ ನಾಲ್ವರ ದುಡಿಮೆ ನೆನಪಿಗೆ ತರುತ್ತದೆ. ಆದರೆ ಇಲ್ಲಿ ಆಳುಗಳು ನೆಲದೊಡನೆ ಕೈಬದಲಾಗಿದ್ದಾರೆ. ದಾನ ಪಡೆದವರ ಹೆಸರುಗಳನ್ನೂ ಅವರವರ ಪಾಲುಗಳನ್ನೂ ಲಿಪಿಕಾರನು ಎಚ್ಚರದಿಂದ ಬರೆದಿದ್ದಾನೆ. ದುಡಿಯುವ ಈ ಆರು ಜನರದು ಬರಿಯ ಸಂಖ್ಯೆ. ಹಲಗೆಗಳನ್ನು ಬರೆದವನು ಭಟ್ಟಿಶರ್ಮನೆಂಬ ರಹಸ್ಯಾಧಿಕಾರಿ. ಸ್ವಹಸ್ತದಿಂದ ಬರೆದೆನೆಂದು ತನ್ನ ಹೆಸರನ್ನು ಹಾಕಲು ಅವನು ಮರೆತಿಲ್ಲ.

ತಾಮ್ರಪಟಗಳು ಊರಿಂದೂರಿಗೆ ಸಾಗಬಲ್ಲವು. ಕಟ್ಟಡ ಮಾತ್ರ ಇದ್ದಲ್ಲಿಯೇ ಇರುತ್ತದೆ. ಹಿರೇಹಡಗಲಿಗೆ ಇಂದು ಹೋದವರು ಕಣ್ಣಾರೆ ಕಾಣಬಹುದಾದುದು ಕಲ್ಲೇಶ್ವರ ದೇವಾಲಯ. ಜನರು ಇದನ್ನು ಕಟ್ಟೇಶ್ವರನೆಂದೂ ಕರೆಯುತ್ತಾರೆ. ಕಲ್ಯಾಣದ ಚಾಲುಕ್ಯ ಚಕ್ರವರ್ತಿ ಒಂದನೆಯ ಸೋಮೇಶ್ವರನ ಮಂತ್ರಿ ದೇಮರಸನು ಬಿಟ್ಟ ದತ್ತಿಗಳನ್ನು ಇಲ್ಲಿಯ 1057ರ ಶಾಸನವು ತಿಳಿಸುತ್ತದೆ. ಎರಡು ಗರ್ಭಗೃಹಗಳುಳ್ಳ ಈ ಗುಡಿಯನ್ನು ಬಳಪದ ಕಲ್ಲಿನಲ್ಲಿ ಕಟ್ಟಲಾಗಿದೆ. ಗಣಿಯಿಂದ ತೆಗೆದಾಗ ಮೆದುವಾಗಿದ್ದು ಗಾಳಿಬೆಳಕಿಗೆ ಕ್ರಮೇಣ ಗಟ್ಟಿಯಾಗುವುದು ಈ ಕಲ್ಲಿನ ಗುಣ. ಬಾದಾಮಿ, ಪಟ್ಟದಕಲ್ಲುಗಳ ಮರಳುಗಲ್ಲಿನಲ್ಲಿ ಸಾಧ್ಯವಾಗದ ನಯಗಾರಿಕೆ ಇಲ್ಲಿ ಸಾಧ್ಯವಾದದ್ದು ಇದರಿಂದಲೇ. ಬಾಗಿಲುವಾಡದ ಪಟ್ಟಿಕೆಗಳಲ್ಲಿ ಒಂದರ ಪಕ್ಕದಲ್ಲಿ ಒಂದು ಏರಿಹೋಗುವ ಕೆತ್ತನೆಯನ್ನು ನೋಡುತ್ತಿದ್ದರೆ, ಕಲ್ಲುಕುಟಿಗನ ಉಳಿಯೋ ಅಕ್ಕಸಾಲಿಗನ ಚಾಣವೋ ಎಂಬ ಸಂದೇಹ ಮೂಡುತ್ತದೆ. ಹೊರಗೋಡೆಯ ಕಿರುಗೋಪುರಗಳನ್ನೂ ಕೀರ್ತಿಮುಖಗಳನ್ನೂ ಅವಸರವಿಲ್ಲದೆ ಒಂದು ಸುತ್ತು ಬಂದು ನೋಡಬೇಕು.

ಬಳ್ಳಾರಿ ಸೀಮೆಯು 1800ರಲ್ಲಿ ನಿಜಾಮನಿಂದ ಈಸ್ಟ್ ಇಂಡಿಯಾ ಕಂಪನಿಗೆ ಸೇರಿ ಮದರಾಸು ಪ್ರಾಂತದ ಭಾಗವಾಯಿತು. ಅಲೆಕ್ಸಾಂಡರ್ ರೀ ಎಂಬ ಪುರಾತತ್ತ್ವ ಅಧಿಕಾರಿಯು ಈ ಸೀಮೆಯ ಚಾಲುಕ್ಯ ದೇವಾಲಯಗಳನ್ನು ಅಳೆದು, ನಕ್ಷೆ ಬರೆಸಿ 1896ರಲ್ಲಿ ಗ್ರಂಥವೊಂದನ್ನು ಹೊರತಂದನು. ಹಿರೇಹಡಗಲಿ, ಮಾಗಳ, ಬಾಗಳಿ, ಕುರುವತ್ತಿಗಳ ಶಿಲ್ಪವೈಭವವು ಹೊರಗಿನವರಿಗೆ ಪರಿಚಯವಾದದ್ದು ಹೆಚ್ಚಾಗಿ ಆ ಗ್ರಂಥದಿಂದ. 1953ರಲ್ಲಿ ಹಡಗಲಿ ತಾಲ್ಲೂಕು ಮೈಸೂರು ರಾಜ್ಯಕ್ಕೆ ಸೇರಿತು; 2021ರಲ್ಲಿ ರಚನೆಯಾದ ವಿಜಯನಗರ ಜಿಲ್ಲೆಯಲ್ಲಿ ಅದು ಈಗ ಇದೆ.

ಇಲ್ಲಿಗೆ ಬಂದವರು ಇದೇ ತಾಲ್ಲೂಕಿನ ಮೈಲಾರಕ್ಕೂ ಕುರುವತ್ತಿಗೂ ಹೋಗಿಬರುವುದುಂಟು. ಮೈಲಾರಲಿಂಗನ ಜಾತ್ರೆಯ ಕಾರಣಿಕವನ್ನು ಕೇಳಲು ಲಕ್ಷಾಂತರ ಜನ ಸೇರುತ್ತಾರೆ. ಕುರುವತ್ತಿಯಲ್ಲಿ ಮಲ್ಲಿಕಾರ್ಜುನನ ದೇವಾಲಯವಿದೆ. ಅದರ ಬಳಿಯಲ್ಲಿಯೇ ತುಂಗಭದ್ರೆ ಹರಿಯುತ್ತಾಳೆ. ಚೋಳರೊಡನೆ ಜೀವಮಾನವಿಡೀ ಹೋರಾಡಿ, ವಾಸಿಯಾಗದ ಬೇನೆಗೆ ಸಿಕ್ಕಿದ ಸೋಮೇಶ್ವರನು, ದೇಮರಸನ ದತ್ತಿಯ ಶಾಸನ ಹುಟ್ಟಿದ ಹನ್ನೊಂದು ವರ್ಷಗಳ ಮೇಲೆ, 1068ರಲ್ಲಿ ಇಲ್ಲಿಯ ಹೊಳೆಗೆ ಇಳಿದು ಜಲಸಮಾಧಿಯನ್ನು ಪಡೆದನು.